'ಮೆಟ್ರೊಪೊಲಿಸ್' ಬರೆದ ಥೇಯಾ ಫಾನ್ ಹಾರ್ಬು

'ಮೆಟ್ರೊಪೊಲಿಸ್' (1927) ಎಂದ ಕೂಡಲೇ ಚಿತ್ರರಸಿಕರು ನೆನೆಯುವುದು ನಿರ್ದೇಶಕ ಫ್ರಿಟ್ಜ್ ಲಾಂಗ್ ಅವರನ್ನು. ಅದರ ಚಿತ್ರಕಥೆ ಅವರ ಪತ್ನಿ ಥೇಯಾ ಫಾನ್ ಹಾರ್ಬು ಅವರದೆಂಬುದು ಅನೇಕರಿಗೆ ತಿಳಿಯದು.

ಜರ್ಮನಿಯ ಬವೇರಿಯಾ ಪ್ರಾಂತ್ಯದಲ್ಲಿ 1888ರ ಡಿಸೆಂಬರ್ 27ರಂದು ಜನಿಸಿದ ಥೇಯಾ ಮೊದಲು ರಂಗನಟಿಯಾಗಿದ್ದರು, ಬಳಿಕ ಕಾದಂಬರಿಕಾರ್ತಿಯಾದರು. 1918ರಲ್ಲೇ ಭಾರತದ ಮಹಾರಾಜನೊಬ್ಬನ ಸುತ್ತ ಕಾದಂಬರಿ ಹೆಣೆದಿದ್ದರು. 1922ರಲ್ಲಿ ಲಾಂಗ್ ಅವರನ್ನು ವರಿಸಿದರು. ಮೂಕಿ ಚಿತ್ರಗಳಿಂದ ಹಿಡಿದು 'ಎಂ' (1931) ಎಂಬ ಹೆಸರಾಂತ ಟಾಕಿ ಚಿತ್ರದವರೆಗೆ ಇಬ್ಬರೂ ಜೊತೆಯಾಗಿ ದುಡಿದರು.

1933ರಲ್ಲಿ ಹಿಟ್ಲರ್ ಅಧಿಕಾರಕ್ಕೆ ಬಂದ. ಅದೇ ವರ್ಷ ದಂಪತಿ ಬೇರೆಯಾದರು. ಲಾಂಗ್ ದೇಶ ಬಿಟ್ಟರು, ಥೇಯಾ ಅಲ್ಲೇ ಉಳಿದರು. ಬೆಳಗಾವಿ ಬಳಿಯ ಬೆಳಗುಂದಿ ಮೂಲದ ಪತ್ರಕರ್ತ ಆಯಿ ತೆಂಡುಲ್ಕರ್ ಅವರನ್ನು ಗುಟ್ಟಾಗಿ ಮದುವೆಯಾದರು. ಹೀಗೆ ಭಾರತೀಯನ ಕೈಹಿಡಿದವರೇ ಜನಾಂಗದ್ವೇಷದ ನಾಜಿ ಪಕ್ಷವನ್ನೂ ಸೇರಿದರು, ಆ ಆಡಳಿತದ ಕಾಲದಲ್ಲಿ ಹಲವು ಚಿತ್ರಗಳಿಗೆ ಬರೆದರು.

ಅದಕ್ಕೆ ಬೆಲೆ ತೆರಬೇಕಾಯಿತು. 1945ರಲ್ಲಿ ಯುದ್ಧ ಮುಗಿದಾಗ ಬ್ರಿಟಿಷರು ಕೆಲವು ತಿಂಗಳು ಬಂಧನದಲ್ಲಿಟ್ಟರು. ಬಿಡುಗಡೆಯಾದ ಮೇಲೆ, ಬಾಂಬಿಗೆ ಕುಸಿದ ಕಟ್ಟಡಗಳ ಇಟ್ಟಿಗೆ, ಮಣ್ಣು ತೆಗೆಯುವ ಕೆಲಸಕ್ಕೂ ಇಳಿದರು. 1954ರಲ್ಲಿ ಬರ್ಲಿನ್‌ನಲ್ಲಿ ತಾವೂ ಲಾಂಗ್ ಅವರೂ ಬರೆದಿದ್ದ ಹಳೆಯ ಮೂಕಿ ಚಿತ್ರದ ಪ್ರದರ್ಶನಕ್ಕೆ ಹೋಗಿ, ಹೊರಬರುವಾಗ ಬಿದ್ದು ಗಾಯಗೊಂಡರು. ಜುಲೈ 1ರಂದು ತೀರಿಕೊಂಡರು.

ನಾಳಿನ ನಗರವನ್ನು ಕಲ್ಪಿಸಬಲ್ಲ ಪ್ರತಿಭೆ ಅವರಲ್ಲಿತ್ತು. ತಮ್ಮ ಕಾಲದಲ್ಲಿ ಯಾರ ಪಕ್ಕ ನಿಲ್ಲಬೇಕೆಂಬಲ್ಲಿ ಮಾತ್ರ ಎಡವಿದರು.