ನಾಣ್ಯದ ಮೇಲೆ ಮುಪ್ಪಾಗದ ಚಕ್ರವರ್ತಿ ಅಗಸ್ಟಸ್

ರೋಮ್ ಸಾಮ್ರಾಜ್ಯದ ಮೊದಲ ಚಕ್ರವರ್ತಿ ಅಗಸ್ಟಸ್ ಕ್ರಿ.ಶ. 14ರ ಆಗಸ್ಟ್ 19ರಂದು ಇಟಲಿಯ ನೋಲಾ ಪಟ್ಟಣದಲ್ಲಿ ಕೊನೆಯುಸಿರೆಳೆದ. 76 ವರ್ಷ ತುಂಬಲು ಆತನಿಗೆ ಒಂದು ತಿಂಗಳಿಗಿಂತ ಸ್ವಲ್ಪ ಹೆಚ್ಚು ಕಾಲವಷ್ಟೇ ಬಾಕಿ ಇತ್ತು. ಆದರೆ ಆತನ ಪ್ರಜೆಗಳ ಕೈಯಲ್ಲಿ ಓಡಾಡುತ್ತಿದ್ದ ನಾಣ್ಯಗಳಲ್ಲಿ ಆತ ಆಗಲೂ ನುಣುಪು ಕೆನ್ನೆಯ ತರುಣನೇ ಆಗಿದ್ದ. ಪತ್ರಿಕೆಯಾಗಲಿ ಛಾಯಾಚಿತ್ರವಾಗಲಿ ಇಲ್ಲದ ಆ ಕಾಲದಲ್ಲಿ ಒಬ್ಬ ದೊರೆಯ ಮುಖ ಕೋಟ್ಯಂತರ ಜನರನ್ನು ತಲುಪಲು ಇದ್ದ ಸುಲಭ ಸಾಧನ ನಾಣ್ಯ. ಅದನ್ನು ಅಗಸ್ಟಸ್‌ನಷ್ಟು ಜಾಣ್ಮೆಯಿಂದ ಬಳಸಿಕೊಂಡವರು ವಿರಳ.

ಕ್ರಿ.ಪೂ. 63ರ ಸೆಪ್ಟೆಂಬರ್ 23ರಂದು ರೋಮ್ ನಗರದಲ್ಲಿ ಜನಿಸಿದ ಆತನ ಮೊದಲ ಹೆಸರು ಗೇಯಸ್ ಆಕ್ಟೇವಿಯಸ್. ತಾಯಿ ಆಟಿಯಾ, ಜೂಲಿಯಸ್ ಸೀಸರ್‌ನ ಸೋದರಿಯ ಮಗಳು. ಕ್ರಿ.ಪೂ. 44ರ ಮಾರ್ಚ್ 15ರಂದು ಸೀಸರ್‌ನ ಹತ್ಯೆಯಾದಾಗ ಆಕ್ಟೇವಿಯಸ್‌ಗೆ 18 ವರ್ಷ. ಮರಣಶಾಸನದಲ್ಲಿ ಸೀಸರ್ ತನ್ನನ್ನು ದತ್ತುಪುತ್ರನನ್ನಾಗಿ ಸ್ವೀಕರಿಸಿರುವ ಸುದ್ದಿ ತಿಳಿದ ಕೂಡಲೇ ಆತ ಸೀಸರ್ ಎಂಬ ಹೆಸರನ್ನು ಧರಿಸಿದ. ಇತಿಹಾಸಕಾರರು ಈ ಘಟ್ಟದ ಆತನನ್ನು ಆಕ್ಟೇವಿಯನ್ ಎಂದು ಕರೆಯುತ್ತಾರೆ.

ಹೆಸರೇ ಬಂಡವಾಳ

ರೋಮ್‌ನ ನಾಣ್ಯಗಳ ಮೇಲೆ ಅಲ್ಲಿಯವರೆಗೆ ದೇವತೆಗಳಿಗೆ ಹಾಗೂ ಗತಿಸಿದ ಪೂರ್ವಜರಿಗೆ ಮಾತ್ರ ಸ್ಥಾನವಿತ್ತು. ಬದುಕಿರುವಾಗಲೇ ತನ್ನ ಮುಖವನ್ನು ರೋಮ್‌ನ ಟಂಕಸಾಲೆಯಲ್ಲಿ ಅಚ್ಚು ಹಾಕಿಸಿದ ಮೊದಲಿಗ ಜೂಲಿಯಸ್ ಸೀಸರ್. ಅದು ಆತನ ಹತ್ಯೆಗೆ ಕೆಲವೇ ವಾರಗಳ ಹಿಂದಿನ ಮಾತು. ರಾಜಪ್ರಭುತ್ವದ ವಾಸನೆ ಹೊಡೆಯುತ್ತಿದ್ದ ಆ ನಾಣ್ಯವೂ ಹಂತಕರ ಸಿಟ್ಟಿಗೆ ತುಪ್ಪ ಸುರಿದಿತ್ತು. ವಿಚಿತ್ರವೆಂದರೆ, ಹಂತಕರ ನಾಯಕ ಬ್ರೂಟಸ್ ಕೂಡ ಎರಡು ವರ್ಷಗಳ ಬಳಿಕ ನಾಣ್ಯದಲ್ಲಿ ತನ್ನ ಮುಖವನ್ನೇ ಮೂಡಿಸಿದ. ಅದರ ಹಿಂಬದಿಯಲ್ಲಿ ಎರಡು ಕಠಾರಿ, ಅವುಗಳ ನಡುವೆ ಬಿಡುಗಡೆ ಹೊಂದಿದ ಗುಲಾಮರು ಧರಿಸುವ ಟೊಪ್ಪಿಗೆ ಇದ್ದವು. ಕೆಳಗೆ ಹತ್ಯೆಯ ದಿನವನ್ನು ಕೆತ್ತಲಾಗಿತ್ತು.

ಆಕ್ಟೇವಿಯನ್ ಹಿಡಿದದ್ದು ಬೇರೆ ದಾರಿ. ಆತನ ಆರಂಭದ ನಾಣ್ಯಗಳಲ್ಲಿ ಎಳೆಯ ಗಡ್ಡವೊಂದು ಕಾಣುತ್ತದೆ. ಅದು ತಂದೆಯ ಸಾವಿನ ಶೋಕದ ಗುರುತು. ಕ್ರಿ.ಪೂ. 42ರಲ್ಲಿ ಸೆನೆಟ್ ಸಭೆಯು ಸೀಸರ್‌ನನ್ನು ದೇವರೆಂದು ಘೋಷಿಸಿದ ಮೇಲೆ ದೇವಪುತ್ರ ಎಂಬ ಬಿರುದು ಆತನ ನಾಣ್ಯಗಳನ್ನು ಏರಿತು. ಈ ನಾಣ್ಯಗಳ ಮೊದಲ ಓದುಗರು ಸೈನಿಕರು. ಸೀಸರ್‌ನ ಕೈಕೆಳಗೆ ಕಾದಾಡಿದ್ದ ಆ ಯೋಧರಿಗೆ ಸಂಬಳದ ದಿನ ಕೈಗೆ ಬರುತ್ತಿದ್ದ ದಿನಾರಿಯಸ್ ಎಂಬ ಬೆಳ್ಳಿ ನಾಣ್ಯ, ಅವರ ನಿಷ್ಠೆ ಯಾರಿಗೆ ಸಲ್ಲಬೇಕೆಂಬುದನ್ನೂ ನೆನಪಿಸುತ್ತಿತ್ತು.

ನಾಣ್ಯಗಳು ಹೇಳದೆ ಬಿಟ್ಟ ಸಂಗತಿಗಳೂ ಉಂಟು. ಕ್ರಿ.ಪೂ. 43ರಲ್ಲಿ ಆಕ್ಟೇವಿಯನ್, ಮಾರ್ಕ್ ಆಂಟನಿ ಹಾಗೂ ಲೆಪಿಡಸ್ ಕೂಡಿ ವಧಾರ್ಹರ ಪಟ್ಟಿಗಳನ್ನು ಪ್ರಕಟಿಸಿದರು. ಅವುಗಳಲ್ಲಿ ಹೆಸರಿದ್ದ ಅನೇಕ ಗಣ್ಯರು ಕೊಲೆಯಾದರು, ಅವರ ಆಸ್ತಿ ಮುಟ್ಟುಗೋಲಾಯಿತು. ಮಹಾ ವಾಗ್ಮಿ ಸಿಸೆರೊ ಕೂಡ ಅದೇ ಡಿಸೆಂಬರ್‌ನಲ್ಲಿ ಬಲಿಯಾದ.

ಮೊಸಳೆ ಮತ್ತು ಓಕ್ ಎಲೆಯ ಮಾಲೆ

ಮಿತ್ರರು ಶತ್ರುಗಳಾಗಲು ಹೆಚ್ಚು ಕಾಲ ಬೇಕಾಗಲಿಲ್ಲ. ಆಂಟನಿ ತನ್ನ ನಾಣ್ಯದ ಒಂದು ಮಗ್ಗುಲಿನಲ್ಲಿ ಈಜಿಪ್ಟ್‌ನ ರಾಣಿ ಕ್ಲಿಯೋಪಾತ್ರಾಳ ಮುಖವನ್ನು ಮೂಡಿಸಿದ. ರೋಮನ್ ನಾಣ್ಯದ ಮೇಲೆ ಪರದೇಶದ ರಾಣಿಯೊಬ್ಬಳು ಕಾಣಿಸಿಕೊಂಡದ್ದು ಆಕ್ಟೇವಿಯನ್‌ನ ಅಪಪ್ರಚಾರಕ್ಕೆ ಪೂರಕವಾಗಿಯೇ ಇತ್ತು. ಕ್ರಿ.ಪೂ. 31ರ ಸೆಪ್ಟೆಂಬರ್ 2ರಂದು ಆಕ್ಟಿಯಮ್ ನೌಕಾಯುದ್ಧದಲ್ಲಿ ಆಂಟನಿ ಸೋತ. ಮರುವರ್ಷ ಈಜಿಪ್ಟ್ ರೋಮ್‌ನ ವಶವಾಯಿತು. ಮೊಸಳೆಯ ಚಿತ್ರ, ಈಜಿಪ್ಟ್ ಸೆರೆಯಾಯಿತು ಎಂಬ ಬರಹ ಹೊತ್ತ ನಾಣ್ಯಗಳು ಹೊರಬಂದವು. ನಡೆದದ್ದು ರೋಮನ್ನರ ನಡುವಿನ ಅಂತರ್ಯುದ್ಧ. ನಾಣ್ಯ ಸಾರಿದ್ದು ಪರದೇಶದ ಮೇಲಿನ ವಿಜಯ.

ಕ್ರಿ.ಪೂ. 28ರ ಒಂದು ಚಿನ್ನದ ನಾಣ್ಯ 20ನೇ ಶತಮಾನದ ಕೊನೆಯ ದಶಕದಲ್ಲಿ ವಿದ್ವಾಂಸರ ಗಮನಕ್ಕೆ ಬಂತು. ಅದರಲ್ಲಿ ಆಕ್ಟೇವಿಯನ್ ಅಧಿಕಾರಪೀಠದಲ್ಲಿ ಕುಳಿತು ಸುರುಳಿಯೊಂದನ್ನು ಹಿಡಿದಿದ್ದಾನೆ. ರೋಮನ್ ಜನರಿಗೆ ಕಾನೂನು ಮತ್ತು ಹಕ್ಕುಗಳನ್ನು ಆತ ಮರಳಿಸಿದ ಎಂದು ಬರಹ ಸಾರುತ್ತದೆ. ಆದರೆ ಸೇನೆಯ ಬಹುಭಾಗದ ಮೇಲಿನ ಹಿಡಿತ ಆತನಲ್ಲಿಯೇ ಉಳಿಯಿತು. ಮರುವರ್ಷ ಸೆನೆಟ್ ಆತನಿಗೆ ಪೂಜ್ಯ ಎಂಬ ಅರ್ಥದ ಅಗಸ್ಟಸ್ ಎಂಬ ಹೆಸರನ್ನು ನೀಡಿತು. ಪ್ರಜೆಗಳ ಪ್ರಾಣ ಉಳಿಸಿದವರಿಗೆ ಸಲ್ಲುವ ಓಕ್ ಎಲೆಗಳ ಮಾಲೆಯನ್ನೂ ಅರ್ಪಿಸಿತು. ಆ ಮಾಲೆ ಹಲವು ವರ್ಷ ನಾಣ್ಯಗಳಲ್ಲಿ ಮೂಡಿತು. ವಧಾರ್ಹರ ಪಟ್ಟಿಗೆ ಸಮ್ಮತಿಸಿದ್ದವನು ಹೀಗೆ ಪ್ರಾಣರಕ್ಷಕನಾದ.

ಕ್ರಿ.ಪೂ. 53ರಲ್ಲಿ ಪಾರ್ಥಿಯನ್ನರು ರೋಮನ್ ಸೇನೆಯಿಂದ ಕಿತ್ತುಕೊಂಡಿದ್ದ ಧ್ವಜಲಾಂಛನಗಳನ್ನು ಅಗಸ್ಟಸ್ ಕ್ರಿ.ಪೂ. 20ರಲ್ಲಿ ಮರಳಿ ಪಡೆದ. ಯುದ್ಧ ನಡೆಯಲಿಲ್ಲ, ಮಾತುಕತೆಯಲ್ಲಿ ಕೆಲಸವಾಯಿತು. ನಾಣ್ಯದಲ್ಲಿ ಮಾತ್ರ ಪಾರ್ಥಿಯನ್ ಒಬ್ಬ ಮಂಡಿಯೂರಿ ಲಾಂಛನವನ್ನು ಒಪ್ಪಿಸುತ್ತಾನೆ.

ಮಕ್ಕಳ ನಾಣ್ಯ

ಅಗಸ್ಟಸ್‌ಗೆ ಇದ್ದದ್ದು ಒಬ್ಬಳೇ ಮಗಳು, ಜೂಲಿಯಾ. ಗಂಡುಮಕ್ಕಳಿಲ್ಲದ ಆತ ಆಕೆಯ ಪುತ್ರರಾದ ಗೇಯಸ್ ಹಾಗೂ ಲೂಸಿಯಸ್‌ರನ್ನು ಕ್ರಿ.ಪೂ. 17ರಲ್ಲಿ ದತ್ತು ಪಡೆದ. ಕ್ರಿ.ಪೂ. 13ರ ದಿನಾರಿಯಸ್ ಒಂದರಲ್ಲಿ ಇಬ್ಬರು ಬಾಲಕರ ನಡುವೆ ತಾಯಿಯ ಮುಖವಿದೆ. ಉತ್ತರಾಧಿಕಾರದ ಚಿಂತೆ ಬೇಡ ಎಂಬ ಭರವಸೆಯನ್ನು ಆ ಪುಟ್ಟ ಬೆಳ್ಳಿಯ ತುಣುಕು ನೀಡುತ್ತಿತ್ತು.

ಕ್ರಿ.ಪೂ. 2ರಲ್ಲಿ ಸೆನೆಟ್ ಅಗಸ್ಟಸ್‌ಗೆ ರಾಷ್ಟ್ರಪಿತ ಎಂಬ ಬಿರುದನ್ನು ನೀಡಿತು. ಅದೇ ವರ್ಷ ವ್ಯಭಿಚಾರದ ಆರೋಪದ ಮೇಲೆ ಆತ ತನ್ನ ಮಗಳನ್ನು ಪಂಡಟೇರಿಯಾ ಎಂಬ ಸಣ್ಣ ದ್ವೀಪಕ್ಕೆ ಗಡೀಪಾರು ಮಾಡಿದ. ಆ ಕಾಲದಲ್ಲಿಯೇ ಇಂದಿನ ಫ್ರಾನ್ಸ್‌ನ ಲಿಯೋನ್ ನಗರದ ಟಂಕಸಾಲೆಯಿಂದ ಹೊಸ ದಿನಾರಿಯಸ್ ದೊಡ್ಡ ಪ್ರಮಾಣದಲ್ಲಿ ಹೊರಬಿತ್ತು. ಒಂದು ಬದಿಯಲ್ಲಿ ರಾಷ್ಟ್ರಪಿತನ ಮುಖ, ಇನ್ನೊಂದು ಬದಿಯಲ್ಲಿ ಗುರಾಣಿ ಮತ್ತು ಈಟಿಗಳೊಂದಿಗೆ ನಿಂತ ಗೇಯಸ್, ಲೂಸಿಯಸ್. ತಾಯಿಗೆ ಅಲ್ಲಿ ಸ್ಥಾನವಿರಲಿಲ್ಲ.

ಕ್ರಿ.ಶ. 2ರಲ್ಲಿ ಲೂಸಿಯಸ್ ತೀರಿಕೊಂಡ. ಕ್ರಿ.ಶ. 4ರಲ್ಲಿ ಗಾಯಗೊಂಡಿದ್ದ ಗೇಯಸ್ ಕೂಡ ಏಷ್ಯಾ ಮೈನರ್‌ನಲ್ಲಿ ಅಸುನೀಗಿದ. ವೃದ್ಧ ಚಕ್ರವರ್ತಿ ಅನಿವಾರ್ಯವಾಗಿ ಮಲಮಗ ಟೈಬೀರಿಯಸ್‌ನನ್ನು ಉತ್ತರಾಧಿಕಾರಿಯನ್ನಾಗಿ ಮಾಡಿಕೊಂಡ. ಕ್ರಿ.ಶ. 9ರಲ್ಲಿ ಜರ್ಮನಿಯ ಕಾಡಿನಲ್ಲಿ ಮೂರು ಸೇನಾದಳಗಳು ನಾಶವಾದ ಆಘಾತವನ್ನೂ ಆತ ಕಾಣಬೇಕಾಯಿತು. ನಾಣ್ಯಗಳಲ್ಲಿ ಅದರ ಸುಳಿವೇ ಇಲ್ಲ.

ಕರ್ನಾಟಕದ ಮಣ್ಣಿನಲ್ಲಿ

ತನ್ನ ಸಾಧನೆಗಳ ದಾಖಲೆಯಲ್ಲಿ ಭಾರತದ ಅರಸರ ರಾಯಭಾರಿಗಳು ತನ್ನ ಬಳಿ ಬಂದುದನ್ನು ಅಗಸ್ಟಸ್ ಸ್ಮರಿಸಿದ್ದಾನೆ. ಆತನ ನಾಣ್ಯಗಳೂ ಕಾಳುಮೆಣಸು, ಮುತ್ತು, ಹತ್ತಿ ಬಟ್ಟೆಗಳ ವ್ಯಾಪಾರದ ಹಾದಿಯಲ್ಲಿ ದಕ್ಷಿಣ ಭಾರತಕ್ಕೆ ಹರಿದುಬಂದವು. 1891ರಲ್ಲಿ ಬೆಂಗಳೂರಿನ ಯಶವಂತಪುರದಲ್ಲಿ ರೋಮನ್ ಬೆಳ್ಳಿ ನಾಣ್ಯಗಳ ನಿಧಿ ದೊರೆಯಿತು. ಚಿತ್ರದುರ್ಗದ ಚಂದ್ರವಳ್ಳಿಯ ಉತ್ಖನನದಲ್ಲೂ ಅಗಸ್ಟಸ್ ಮತ್ತು ಟೈಬೀರಿಯಸ್ ಕಾಲದ ದಿನಾರಿಯಸ್‌ಗಳು ಸಿಕ್ಕಿವೆ.

ಇಲ್ಲಿನ ವರ್ತಕರಿಗೆ ಬೇಕಾಗಿದ್ದದ್ದು ಸಂದೇಶವಲ್ಲ, ಬೆಳ್ಳಿಯ ಶುದ್ಧತೆ. ಕ್ರಿ.ಶ. 64ರಲ್ಲಿ ನೀರೊ ನಾಣ್ಯದ ಬೆಳ್ಳಿಯ ಪ್ರಮಾಣವನ್ನು ತಗ್ಗಿಸಿದ ಮೇಲೂ ಹಳೆಯ ನಾಣ್ಯಗಳಿಗೆ ಇಲ್ಲಿ ಬೇಡಿಕೆ ಇತ್ತು. ಅವುಗಳ ಸ್ಥಳೀಯ ನಕಲುಗಳೂ ತಯಾರಾದವು. ಭಾರತದಲ್ಲಿ ದೊರೆತಿರುವ ಅಗಸ್ಟಸ್‌ನ ಬೆಳ್ಳಿ ನಾಣ್ಯಗಳಲ್ಲಿ ಅತಿ ಹೆಚ್ಚು ಕಂಡುಬರುವುದು ಗೇಯಸ್, ಲೂಸಿಯಸ್‌ರ ಚಿತ್ರವಿರುವುದೇ. ಪಟ್ಟವೇರದೆ ಮಡಿದ ಆ ಇಬ್ಬರು ರಾಜಕುಮಾರರು ತಾತನ ನಾಣ್ಯದಲ್ಲಿ ಈಗಲೂ ಗುರಾಣಿ ಹಿಡಿದು ಸಜ್ಜಾಗಿಯೇ ನಿಂತಿದ್ದಾರೆ.