ಶಾಲೆಯ ಗೋಡೆಗೆ ಮರಳಿ ಬಂದ ಚಿತ್ರಕಾರ: ಹೋಸೆ ಕ್ಲೆಮೆಂಟೆ ಒರೋಸ್ಕೊ

ಶಾಲೆಯ ಗೋಡೆಯ ಮೇಲೆ ಏನಿರಬೇಕು ಎಂಬ ಪ್ರಶ್ನೆಯನ್ನು ನಾವು ಸಾಮಾನ್ಯವಾಗಿ ಕೇಳಿಕೊಳ್ಳುವುದಿಲ್ಲ. ಒಂದೆರಡು ಸುಭಾಷಿತಗಳು, ಭೂಪಟ, ಮಹನೀಯರ ಭಾವಚಿತ್ರಗಳು, ವರ್ಷಕ್ಕೊಮ್ಮೆ ಹೊಸ ಸುಣ್ಣ. ಇಷ್ಟಾದರೆ ಗೋಡೆಯ ಅಲಂಕಾರ ಮುಗಿಯಿತೆಂದು ತಿಳಿಯುತ್ತೇವೆ. ಆದರೆ ಸುಮಾರು ನೂರು ವರ್ಷಗಳ ಹಿಂದೆ ಮೆಕ್ಸಿಕೊ ನಗರದ ವಿದ್ಯಾಲಯವೊಂದರಲ್ಲಿ ಈ ಪ್ರಶ್ನೆ ಬಹಳ ತೀವ್ರ ಸ್ವರೂಪವನ್ನು ತಾಳಿತು. ವಿದ್ಯಾರ್ಥಿಗಳೇ ಗೋಡೆಯ ಚಿತ್ರಗಳ ಮೇಲೆ ಕೈಮಾಡಿದರು. ಚಿತ್ರ ಬರೆಯುತ್ತಿದ್ದವರು ಕೆಲಸ ಕಳೆದುಕೊಂಡು ಹೊರನಡೆಯಬೇಕಾಯಿತು. ಹಾಗೆ ಹೊರನಡೆದು, ಎರಡು ವರ್ಷಗಳ ಬಳಿಕ ಅದೇ ಗೋಡೆಗೆ ಮರಳಿ ಬಂದು, ಕೈಗೆತ್ತಿಕೊಂಡ ಕಾರ್ಯವನ್ನು ಪೂರೈಸಿದ ಕಲಾವಿದರೇ ಹೋಸೆ ಕ್ಲೆಮೆಂಟೆ ಒರೋಸ್ಕೊ. ಅವರು ಆ ವಿದ್ಯಾಲಯದ ಹಳೆಯ ವಿದ್ಯಾರ್ಥಿಯೂ ಹೌದು. ನಮ್ಮ ಶಾಲೆಯ ಶತಮಾನೋತ್ಸವದ ಈ ಸಂದರ್ಭದಲ್ಲಿ ಅವರ ಜೀವನವನ್ನು ಸ್ಮರಿಸುವುದು ಉಚಿತವೆಂದು ನಮಗೆ ತೋರಿತು.

ಮೆಕ್ಸಿಕೊದ ಆಧುನಿಕ ಚಿತ್ರಕಲೆಯನ್ನು ರೂಪಿಸಿದ ತ್ರಿಮೂರ್ತಿಗಳೆಂದರೆ ದಿಯೆಗೊ ರಿವೇರಾ, ದಾವಿದ್ ಆಲ್ಫಾರೊ ಸಿಕೇರೋಸ್ ಮತ್ತು ಒರೋಸ್ಕೊ. ಈ ಮೂವರಲ್ಲಿ ಒರೋಸ್ಕೊ ವಯಸ್ಸಿನಲ್ಲಿ ಹಿರಿಯರು, ಮಾತಿನಲ್ಲಿ ಮಿತಭಾಷಿಗಳು. ಅವರು ಹುಟ್ಟಿದ್ದು 1883ರ ನವೆಂಬರ್ 23ರಂದು, ಪಶ್ಚಿಮ ಮೆಕ್ಸಿಕೊದ ಹಲಿಸ್ಕೊ ಪ್ರಾಂತ್ಯಕ್ಕೆ ಸೇರಿದ ಸಪೋತ್ಲಾನ್ ಎಂಬ ಊರಿನಲ್ಲಿ. ಅವರಿನ್ನೂ ಬಾಲಕರಾಗಿದ್ದಾಗಲೇ ಕುಟುಂಬವು ಮೊದಲು ಗ್ವಾದಲಹಾರಾಕ್ಕೂ ಅನಂತರ ರಾಜಧಾನಿಗೂ ಬಂದು ನೆಲೆಸಿತು.

ರಾಜಧಾನಿಯಲ್ಲಿ ಅವರು ಸೇರಿದ್ದು ಶಿಕ್ಷಕರ ತರಬೇತಿ ಸಂಸ್ಥೆಗೆ ಹೊಂದಿಕೊಂಡಿದ್ದ ಪ್ರಾಥಮಿಕ ಶಾಲೆಯನ್ನು. ಅದರ ಸಮೀಪದಲ್ಲೇ ಒಂದು ಮುದ್ರಣಾಲಯವಿತ್ತು. ಹಾಡಿನ ಹಾಳೆಗಳು, ಕೊಲೆ ಸುಲಿಗೆಗಳ ಸುದ್ದಿ, ಮಕ್ಕಳ ಕಥೆಗಳು ಇವೆಲ್ಲ ಅಲ್ಲಿ ಅಚ್ಚಾಗಿ ಅಗ್ಗದ ಬೆಲೆಗೆ ಬೀದಿಯಲ್ಲಿ ಮಾರಾಟವಾಗುತ್ತಿದ್ದವು. ಆ ಹಾಳೆಗಳಿಗೆ ಚಿತ್ರಗಳನ್ನು ಕೊರೆದು ಕೊಡುತ್ತಿದ್ದವರು ಹೋಸೆ ಗ್ವಾದಲೂಪೆ ಪೊಸಾದಾ. ಟೋಪಿ ಧರಿಸಿ ಕುಣಿಯುವ, ಕುದುರೆ ಏರುವ, ಜಗಳವಾಡುವ ಅಸ್ಥಿಪಂಜರಗಳ ಮೂಲಕ ದೊಡ್ಡವರ ದರ್ಪವನ್ನು ನಗೆಗೀಡುಮಾಡಿದ ಕಲಾವಿದ ಅವರು. ಶಾಲೆಗೆ ಹೋಗುವಾಗಲೂ ಬರುವಾಗಲೂ ಬಾಲಕ ಒರೋಸ್ಕೊ ಆ ಕಾರ್ಯಾಗಾರದ ಮುಂದೆ ನಿಂತು, ಲೋಹದ ತಗಡಿನ ಮೇಲೆ ಉಳಿಯಾಡುವುದನ್ನು ನೋಡುತ್ತಿದ್ದರು. ಕೆಲವೊಮ್ಮೆ ಒಳಹೊಕ್ಕು ನೆಲಕ್ಕೆ ಬಿದ್ದ ಲೋಹದ ಚೂರುಗಳನ್ನು ಆಯ್ದುಕೊಂಡು ಬರುತ್ತಿದ್ದರು. ಚಿತ್ರವೆಂಬುದು ಶ್ರೀಮಂತರ ಅಂಗಳದ ಸೊತ್ತಲ್ಲ, ಬೀದಿಯ ಜನರಿಗೂ ಸೇರಿದ್ದು ಎಂಬ ಅರಿವು ಅವರಲ್ಲಿ ಬೇರೂರಿದ್ದು ಶಾಲೆಯ ಹಾದಿಯ ಆ ನಿಲುಗಡೆಯಲ್ಲೇ ಇರಬೇಕು. ಮುಂದೆ ಸಾನ್ ಕಾರ್ಲೋಸ್ ಕಲಾಶಾಲೆಯ ಸಂಜೆ ತರಗತಿಗಳಲ್ಲಿ ಅವರು ರೇಖಾಭ್ಯಾಸವನ್ನು ಆರಂಭಿಸಿದರು.

ಆದರೆ ಮನೆಯವರ ಆಲೋಚನೆ ಬೇರೆಯಾಗಿತ್ತು. ಮಗ ಹೊಟ್ಟೆಪಾಡಿನ ವಿದ್ಯೆಯನ್ನು ಕಲಿಯಲೆಂದು ಅವರನ್ನು ಕೃಷಿಶಾಲೆಗೆ ಸೇರಿಸಲಾಯಿತು. ಅಲ್ಲಿ ಮೂರು ವರ್ಷ ಕಳೆದು, ವಾಸ್ತುಶಿಲ್ಪಿಯಾಗುವ ಆಸೆಯಿಂದ ರಾಷ್ಟ್ರೀಯ ಪೂರ್ವಸಿದ್ಧತಾ ವಿದ್ಯಾಲಯವನ್ನು ಪ್ರವೇಶಿಸಿದರು. ತಾರುಣ್ಯದ ಈ ದಿನಗಳಲ್ಲಿಯೇ ವಿಪತ್ತು ಎರಗಿತು. ಸಿಡಿಮದ್ದಿನೊಡನೆ ಏನನ್ನೋ ಮಾಡುತ್ತಿದ್ದಾಗ ಅದು ಸ್ಫೋಟಗೊಂಡು ಅವರ ಎಡಗೈಗೆ ತೀವ್ರ ಗಾಯವಾಯಿತು. ಕೈಯನ್ನು ಕತ್ತರಿಸಿ ತೆಗೆಯದೆ ಬೇರೆ ದಾರಿಯಿರಲಿಲ್ಲ. ದೃಷ್ಟಿಗೂ ಹಾನಿಯಾಗಿ, ಬದುಕಿನುದ್ದಕ್ಕೂ ದಪ್ಪ ಕನ್ನಡಕ ಅವರ ಸಂಗಾತಿಯಾಯಿತು. ಇಂಥ ಪೆಟ್ಟು ಬಿದ್ದ ಮೇಲೆ ಯುವಕನೊಬ್ಬ ನಿರಾಶನಾಗುವುದು ಸಹಜ. ಒರೋಸ್ಕೊ ಅವರಾದರೋ, ಉಳಿದ ಒಂದು ಕೈಯನ್ನು ಚಿತ್ರಕಲೆಗೇ ಮುಡಿಪಾಗಿಡುವ ನಿಶ್ಚಯಮಾಡಿ ಪುನಃ ಸಾನ್ ಕಾರ್ಲೋಸ್ ಕಲಾಶಾಲೆಗೆ ಹೋದರು.

1910ರಲ್ಲಿ ಮೆಕ್ಸಿಕೊದಲ್ಲಿ ಕ್ರಾಂತಿ ಆರಂಭವಾಯಿತು. ಮೂರು ದಶಕಗಳಿಗೂ ಮಿಕ್ಕಿ ದೇಶದ ಸೂತ್ರ ಹಿಡಿದಿದ್ದ ಪೋರ್ಫಿರಿಯೊ ದಿಯಾಸ್ ಅವರ ಆಡಳಿತ ಕುಸಿಯಿತು. ಅನಂತರ ಸುಮಾರು ಹತ್ತು ವರ್ಷ ದೇಶವು ಅಂತಃಕಲಹದಲ್ಲಿ ಬೆಂದಿತು. ಕೈಯಿಲ್ಲದ ಒರೋಸ್ಕೊ ಅವರನ್ನು ಯಾರೂ ಸೈನ್ಯಕ್ಕೆ ಕರೆಯಲಿಲ್ಲ. ಅವರು ಪತ್ರಿಕೆಗಳಿಗೆ ವ್ಯಂಗ್ಯಚಿತ್ರಗಳನ್ನು ಬರೆದರು. 1915ರಲ್ಲಿ ಒಂದು ಪಕ್ಷದ ಸೇನೆಯೊಡನೆ ಓರಿಸಾಬಾ ಪಟ್ಟಣಕ್ಕೆ ಹೋಗಿ, ಅಲ್ಲಿಂದ ಹೊರಡುತ್ತಿದ್ದ ಪತ್ರಿಕೆಗೆ ಚಿತ್ರಕಾರರಾದರು. ಗಾಯಾಳುಗಳನ್ನು ತುಂಬಿಕೊಂಡು ಬರುತ್ತಿದ್ದ ರೈಲುಗಳು, ಲೂಟಿಗೊಂಡ ಚರ್ಚುಗಳು, ಗುಂಡಿಗೆ ಬಲಿಯಾದ ಬಡ ರೈತರು ಅವರ ಕಣ್ಣೆದುರಿನಲ್ಲೇ ಸಾಗಿಹೋದರು. ಕ್ರಾಂತಿಯ ಅಗತ್ಯವನ್ನು ಬಲ್ಲವರು ಅವರು. ಅದಕ್ಕೆ ತೆತ್ತ ಬೆಲೆಯನ್ನೂ ಕಂಡವರು. ಈ ಎರಡು ಅರಿವುಗಳಲ್ಲಿ ಒಂದನ್ನೂ ಬಿಟ್ಟುಕೊಡದೆ ಅವರು ಕೊನೆಯವರೆಗೂ ಚಿತ್ರ ಬರೆದರು. ಕಲೆಯ ಶಕ್ತಿಯೆಲ್ಲ ಅಲ್ಲಿಂದ ಬಂದಿತು. ಎಲ್ಲ ಪಕ್ಷಗಳವರ ಕೋಪವೂ ಅಲ್ಲಿಂದಲೇ ಬಂದಿತು.

1917ರಲ್ಲಿ ಜೀವನೋಪಾಯವನ್ನು ಹುಡುಕಿಕೊಂಡು ಅವರು ಅಮೆರಿಕದತ್ತ ಹೊರಟರು. ಲಾರೆಡೊ ಎಂಬ ಗಡಿಪಟ್ಟಣದಲ್ಲಿ ಸುಂಕದ ಅಧಿಕಾರಿಗಳು ಅವರ ಗಂಟನ್ನು ಬಿಚ್ಚಿ, ಚಿತ್ರಗಳು ನೀತಿಬಾಹಿರವೆಂದು ತೀರ್ಮಾನಿಸಿ, ಸುಮಾರು 60 ಚಿತ್ರಗಳನ್ನು ನಾಶಮಾಡಿದರು. ವರ್ಷಗಳ ದುಡಿಮೆ ಗಡಿಯಲ್ಲಿ ಹೀಗೆ ಮಣ್ಣುಪಾಲಾಯಿತು. ನ್ಯೂಯಾರ್ಕಿನಲ್ಲಿ ಬೊಂಬೆಗಳ ಮುಖಕ್ಕೆ ಬಣ್ಣ ಹಚ್ಚುವಂತಹ ಕೂಲಿಯ ಕೆಲಸಗಳನ್ನೂ ಮಾಡಿ ಅವರು ಸ್ವದೇಶಕ್ಕೆ ಹಿಂದಿರುಗಿದರು.

ಆ ವೇಳೆಗೆ ಮೆಕ್ಸಿಕೊದಲ್ಲಿ ಹೊಸ ಗಾಳಿ ಬೀಸತೊಡಗಿತ್ತು. 1921ರಲ್ಲಿ ಶಿಕ್ಷಣ ಸಚಿವರಾದ ಹೋಸೆ ವಾಸ್ಕೊನ್ಸೆಲೋಸ್ ಹಳ್ಳಿಹಳ್ಳಿಗೆ ಶಾಲೆಗಳನ್ನೂ ಗ್ರಂಥಾಲಯಗಳನ್ನೂ ತಲುಪಿಸುವ ಕಾರ್ಯಕ್ಕೆ ಕೈಹಾಕಿದರು. ಜನರಲ್ಲಿ ಬಹುಪಾಲು ಅಕ್ಷರ ಬಾರದವರು. ಅಂಥವರಿಗೆ ಗೋಡೆಯೇ ಪುಸ್ತಕವಾಗಲೆಂದು ಸಾರ್ವಜನಿಕ ಕಟ್ಟಡಗಳ ಗೋಡೆಗಳನ್ನು ಚಿತ್ರಕಾರರಿಗೆ ಒಪ್ಪಿಸಿದರು. ಅವುಗಳಲ್ಲಿ ಒಂದು, ಒರೋಸ್ಕೊ ಓದಿದ್ದ ಆ ಪೂರ್ವಸಿದ್ಧತಾ ವಿದ್ಯಾಲಯವೇ. ಹಿಂದೆ ಜೆಸೂಯಿಟ್ ಪಾದ್ರಿಗಳ ಸಾನ್ ಇಲ್ದೆಫೊನ್ಸೊ ವಿದ್ಯಾಪೀಠವಾಗಿದ್ದ ಆ ಭವ್ಯ ಕಟ್ಟಡದಲ್ಲಿ ರಿವೇರಾ, ಸಿಕೇರೋಸ್ ಮತ್ತು ಇತರ ತರುಣರು ಕೆಲಸಕ್ಕೆ ತೊಡಗಿದರು. 1923ರಲ್ಲಿ, ತಮ್ಮ 40ನೆಯ ವಯಸ್ಸಿನ ಹೊಸ್ತಿಲಲ್ಲಿ, ಒರೋಸ್ಕೊ ಕೂಡ ಅಟ್ಟಣೆಯನ್ನೇರಿದರು. ಮಾರ್ಗರೀತಾ ವಾಯಾದಾರೆಸ್ ಅವರೊಡನೆ ಅವರ ವಿವಾಹವಾದದ್ದೂ ಅದೇ ವರ್ಷ.

ಈ ಬಗೆಯ ಭಿತ್ತಿಚಿತ್ರದ ಕ್ರಮವನ್ನು ಇಲ್ಲಿ ಸ್ವಲ್ಪ ವಿವರಿಸಬೇಕು. ಗೋಡೆಗೆ ಸುಣ್ಣ ಮತ್ತು ಮರಳಿನ ಗಾರೆಯನ್ನು ಬಳಿದು, ಅದು ಹಸಿಯಾಗಿರುವಾಗಲೇ ನೀರಿನಲ್ಲಿ ಅರೆದ ಬಣ್ಣವನ್ನು ಹಚ್ಚಬೇಕು. ಸುಣ್ಣವು ಗಾಳಿಯೊಡನೆ ಬೆರೆತು ಗಟ್ಟಿಯಾಗುವಾಗ ಬಣ್ಣವು ಗೋಡೆಯ ಅಂಗವೇ ಆಗಿಬಿಡುತ್ತದೆ. ಆದ್ದರಿಂದ ಒಂದು ದಿನದಲ್ಲಿ ಬರೆದು ಮುಗಿಸಬಲ್ಲಷ್ಟು ಜಾಗಕ್ಕೆ ಮಾತ್ರ ಅಂದಂದು ಗಾರೆ ಬಳಿಯುತ್ತಾರೆ. ತಪ್ಪಾದರೆ ಒರೆಸಿ ತಿದ್ದುವಂತಿಲ್ಲ. ಗಾರೆಯನ್ನು ಕೆತ್ತಿ ತೆಗೆದು ಹೊಸದಾಗಿ ಆರಂಭಿಸಬೇಕು. ಒಂದೇ ಕೈಯವರಿಗೆ, ಎತ್ತರದ ಅಟ್ಟಣೆಯ ಮೇಲೆ, ಇದು ಎಂತಹ ಪರಿಶ್ರಮವೆಂಬುದನ್ನು ನಾವು ಊಹಿಸಿಕೊಳ್ಳಬಹುದು.

ಅವರ ಚಿತ್ರಗಳು ವಿದ್ಯಾರ್ಥಿಗಳಿಗೆ ಹಿತವಾಗಲಿಲ್ಲ. ಉಳ್ಳವರ ಮನೆಗಳಿಂದ ಬಂದ ಸಂಪ್ರದಾಯಪ್ರಿಯ ಯುವಕರಿಗೆ ಆ ಉಗ್ರ ಮುಖಗಳೂ ಧನಿಕರನ್ನು ಹಂಗಿಸುವ ವಿಡಂಬನೆಗಳೂ ವಿಕಾರವೆನಿಸಿದವು. 1924ರಲ್ಲಿ ಅವರು ಗುಂಪುಕಟ್ಟಿ ಬಂದು ಚಿತ್ರಗಳನ್ನು ವಿರೂಪಗೊಳಿಸಿದರು. ಕೆಲಸ ನಿಂತಿತು. ಒರೋಸ್ಕೊ ಮತ್ತು ಸಿಕೇರೋಸ್ ಇಬ್ಬರೂ ಹೊರಗಾದರು. ಅದೇ ವರ್ಷ ವಾಸ್ಕೊನ್ಸೆಲೋಸ್ ಅವರೂ ಸಚಿವ ಪದವಿಯನ್ನು ತೊರೆದರು. ತಾನು ಓದಿದ ಶಾಲೆಯೇ ತನ್ನನ್ನು ಹೊರಗಟ್ಟಿದ ನೋವು ಸಣ್ಣದಲ್ಲ.

1926ರಲ್ಲಿ ಕರೆ ಬಂದಾಗ ಅವರು ಮುನಿಸನ್ನು ಮುಂದಿಡಲಿಲ್ಲ. ಹಿಂದಿರುಗಿ ಬಂದು, ಮೊದಲು ಬರೆದ ಚಿತ್ರಗಳಲ್ಲಿ ಹಲವನ್ನು ತೆಗೆದುಹಾಕಿ, ಹೊಸದಾಗಿ ಬರೆದರು. ಹಳೆಯ ಒಂದು ಚಿತ್ರದಲ್ಲಿ ಕ್ರಿಸ್ತನು ತನ್ನ ಶಿಲುಬೆಯನ್ನು ತಾನೇ ನಾಶಮಾಡುತ್ತಿದ್ದನು. ಆ ಚಿತ್ರದ ಸ್ಥಾನದಲ್ಲಿ ಮುಷ್ಕರ ನಿರತ ಕಾರ್ಮಿಕರು ಬಂದರು; ಕ್ರಿಸ್ತನ ಮುಖವೊಂದನ್ನು ಮಾತ್ರ ಹಾಗೆಯೇ ಉಳಿಸಿಕೊಂಡರು. ಈ ಅವಧಿಯ ಚಿತ್ರಗಳಲ್ಲಿ ಶ್ರೇಷ್ಠವಾದುದು ಕಂದಕ ಎಂಬ ಹೆಸರಿನದು. ಕೆಂಪು ಹಿನ್ನೆಲೆಯಲ್ಲಿ ಮೂವರು ಯೋಧರು. ಒಬ್ಬರ ಮುಖವೂ ನಮಗೆ ಕಾಣಿಸದು. ಒಬ್ಬ ಮೊಣಕಾಲೂರಿ ತೋಳಿನಿಂದ ಮುಖ ಮುಚ್ಚಿಕೊಂಡಿದ್ದಾನೆ. ಅಲ್ಲಿ ವಿಜಯಪತಾಕೆಯಿಲ್ಲ, ಜಯಘೋಷವಿಲ್ಲ. ಮೇಲಿನ ಅಂತಸ್ತುಗಳಿಗೆ ಹೋದಂತೆ, ದುಡಿಮೆಗೆ ಮರಳುವ ರೈತರು, ಸೈನಿಕರ ಹಿಂದೆ ನಡೆದುಹೋಗುವ ಹೆಂಗಸರು, ತೋಡಿದ ಗುಂಡಿಯ ಪಕ್ಕದಲ್ಲಿ ನಿದ್ರಿಸುವ ಗೋರಿ ಅಗೆಯುವವನು ಮಂಕಾದ ಬೂದು ನೀಲಿ ಬಣ್ಣಗಳಲ್ಲಿ ನಿಂತಿದ್ದಾರೆ. ದೇಶದ ಚರಿತ್ರೆಯನ್ನು ಅವರು ನಾಯಕರ ಮುಖಗಳಿಂದಲ್ಲ, ಬೆನ್ನು ತಿರುಗಿಸಿ ನಡೆದ ಹೆಸರಿಲ್ಲದವರಿಂದ ಬರೆದರು.

1927ರ ಕೊನೆಯಲ್ಲಿ ಅವರು ಮತ್ತೆ ಅಮೆರಿಕಕ್ಕೆ ಹೋಗಿ 1934ರವರೆಗೆ ಅಲ್ಲಿದ್ದರು. ಅಲ್ಲಿ ಅವರು ಬರೆದ ಭಿತ್ತಿಚಿತ್ರಗಳೆಲ್ಲವೂ ವಿದ್ಯಾಸಂಸ್ಥೆಗಳಿಗೆ ಸೇರಿದವು ಎಂಬುದು ಗಮನಾರ್ಹ. 1930ರಲ್ಲಿ ಕ್ಯಾಲಿಫೋರ್ನಿಯಾದ ಪೊಮೋನಾ ಕಾಲೇಜಿನ ಭೋಜನಶಾಲೆಯಲ್ಲಿ, ಮಾನವರಿಗಾಗಿ ಅಗ್ನಿಯನ್ನು ತಂದ ಪ್ರಮೀಥಿಯಸ್ಸನನ್ನು ಚಿತ್ರಿಸಿದರು. ಮುಂದಿನ ವರ್ಷ ಪೂರ್ಣಗೊಂಡ ನ್ಯೂಯಾರ್ಕಿನ ನ್ಯೂ ಸ್ಕೂಲ್ ಸಂಸ್ಥೆಯ ಚಿತ್ರಗಳು ಭಾರತೀಯರಾದ ನಮಗೆ ವಿಶೇಷ ಪ್ರಿಯವಾದವು. ಪೂರ್ವದೇಶಗಳ ಹೋರಾಟವನ್ನು ನಿರೂಪಿಸುವ ಭಾಗದಲ್ಲಿ ಅವರು ಮಹಾತ್ಮಾ ಗಾಂಧಿಯವರನ್ನು ಚಿತ್ರಿಸಿದ್ದಾರೆ. ದಂಡಿಯ ಉಪ್ಪಿನ ಸತ್ಯಾಗ್ರಹ ನಡೆದು ಆಗಿನ್ನೂ ಒಂದು ವರ್ಷವೂ ತುಂಬಿರಲಿಲ್ಲ. ಇನ್ನೊಂದು ಭಾಗದಲ್ಲಿ ನಾನಾ ವರ್ಣಗಳ ಜನರು ಒಂದೇ ಮೇಜಿನ ಸುತ್ತ ಸಮಾನರಾಗಿ ಕುಳಿತಿದ್ದಾರೆ. ಮತ್ತೊಂದೆಡೆಯಲ್ಲಿದ್ದ ಲೆನಿನ್ ಮತ್ತು ಸ್ಟಾಲಿನ್ ಅವರ ಚಿತ್ರಗಳಿಗೆ 1950ರ ದಶಕದಲ್ಲಿ ಪರದೆ ಹಾಕಲಾಯಿತು. ಚಿತ್ರಕ್ಕೆ ಅಂಜುವವರು ಎಲ್ಲ ದೇಶಗಳಲ್ಲೂ ಇದ್ದಾರೆ.

1932ರಿಂದ 1934ರವರೆಗೆ ಡಾರ್ಟ್‌ಮತ್ ಕಾಲೇಜಿನ ಗ್ರಂಥಾಲಯದಲ್ಲಿ ಅವರು ಅಮೆರಿಕ ಖಂಡದ ನಾಗರಿಕತೆಯ ಮಹಾಗಾಥೆಯನ್ನು ಬರೆದರು. ಸಾನ್ ಇಲ್ದೆಫೊನ್ಸೊದಲ್ಲಿ ಅಳಿದುಹೋಗಿದ್ದ ಕ್ರಿಸ್ತನು ಇಲ್ಲಿ ಕೊಡಲಿ ಹಿಡಿದು, ಕಡಿದುರುಳಿಸಿದ ಶಿಲುಬೆಯೊಡನೆ ಪುನಃ ಕಾಣಿಸಿಕೊಂಡನು. ಅಧ್ಯಾಪಕರಾದ ನಮ್ಮನ್ನು ಬೆಚ್ಚಿಬೀಳಿಸುವ ಚಿತ್ರ ಇನ್ನೊಂದಿದೆ. ಪುಸ್ತಕಗಳ ರಾಶಿಯ ಮೇಲೆ ಮಲಗಿದ ಅಸ್ಥಿಪಂಜರವೊಂದು ಮರಿ ಅಸ್ಥಿಪಂಜರವನ್ನು ಹೆರುತ್ತಿದೆ. ಪದವೀಪ್ರದಾನದ ನಿಲುವಂಗಿ ತೊಟ್ಟ ಅಸ್ಥಿಪಂಜರಗಳು ಗಂಭೀರವಾಗಿ ಸಾಕ್ಷಿ ನಿಂತಿವೆ. ಜೀವವಿಲ್ಲದ ವಿದ್ಯೆಯು ಜೀವವಿಲ್ಲದ ವಿದ್ಯೆಯನ್ನೇ ಹಡೆಯುತ್ತದೆ ಎಂಬ ಅರ್ಥವನ್ನು ಬಿಡಿಸಿ ಹೇಳಬೇಕಾಗಿಲ್ಲ. ಪೊಸಾದಾ ಅವರ ಕಿಟಕಿಯಲ್ಲಿ ಬಾಲಕನೊಬ್ಬ ಕಂಡ ಎಲುಬುಗೂಡುಗಳು ನಾಲ್ಕು ದಶಕಗಳ ಬಳಿಕ ಹೀಗೆ ಕಾಲೇಜಿನ ಗೋಡೆಯನ್ನೇರಿದವು. ಹಳೆಯ ವಿದ್ಯಾರ್ಥಿಗಳಲ್ಲಿ ಕೆಲವರು ಪ್ರತಿಭಟಿಸಿದರು. ಆದರೂ ಆಡಳಿತದವರು ಚಿತ್ರಕಾರರ ಬೆಂಬಲಕ್ಕೆ ನಿಂತರು. ತನ್ನನ್ನೇ ಟೀಕಿಸುವ ಚಿತ್ರವನ್ನು ತನ್ನ ಓದುವ ಕೋಣೆಯಲ್ಲಿ ಉಳಿಸಿಕೊಂಡ ಆ ಸಂಸ್ಥೆಯ ಧೈರ್ಯವನ್ನೂ ನಾವು ಮೆಚ್ಚಬೇಕು.

ಸ್ವದೇಶಕ್ಕೆ ಮರಳಿದ ಮೇಲೆ ಅವರ ಪ್ರತಿಭೆ ತುತ್ತತುದಿಯನ್ನು ಮುಟ್ಟಿತು. ಬಾಲ್ಯದ ನಗರವಾದ ಗ್ವಾದಲಹಾರಾದಲ್ಲಿ ವಿಶ್ವವಿದ್ಯಾಲಯದ ಸಭಾಂಗಣ, ಸರ್ಕಾರದ ಅರಮನೆ ಮತ್ತು ಓಸ್ಪಿಸಿಯೊ ಕಬಾನ್ಯಾಸ್ ಎಂಬ ಅನಾಥಾಲಯ, ಈ ಮೂರು ಕಡೆ ಅವರು ಬರೆದರು. ಅನಾಥಾಲಯದ ಪ್ರಾರ್ಥನಾಮಂದಿರದಲ್ಲಿ 1938 ಮತ್ತು 1939ರಲ್ಲಿ ರಚಿತವಾದ ಚಿತ್ರಗಳು 57. ಗುಮ್ಮಟದ ನೆತ್ತಿಯಲ್ಲಿ ಉರಿಯುತ್ತಲೇ ಮೇಲೇರುವ ಅಗ್ನಿಪುರುಷನಿದ್ದಾನೆ. ತಂದೆತಾಯಿಯಿಲ್ಲದ ಮಕ್ಕಳು ತಲೆಯೆತ್ತಿದರೆ ಕಾಣುತ್ತಿದ್ದುದು ಈ ಬೆಂಕಿಯನ್ನು. 1997ರಲ್ಲಿ ಯುನೆಸ್ಕೊ ಆ ಕಟ್ಟಡವನ್ನು ವಿಶ್ವಪರಂಪರೆಯ ತಾಣವೆಂದು ಮಾನ್ಯಮಾಡಿತು. 1941ರಲ್ಲಿ ಸರ್ವೋಚ್ಚ ನ್ಯಾಯಾಲಯದ ಗೋಡೆಯ ಮೇಲೆ ನಿದ್ರಿಸುತ್ತಿರುವ ನ್ಯಾಯದೇವತೆಯನ್ನು ಬರೆದದ್ದು ಅವರ ಎಂದಿನ ಸ್ವಭಾವಕ್ಕೆ ತಕ್ಕದ್ದೇ ಆಗಿತ್ತು.

ಶಿಕ್ಷಕರ ಶಾಲೆಯ ಮಗ್ಗುಲಲ್ಲಿ ಅಕ್ಷರ ಕಲಿತ ಒರೋಸ್ಕೊ ಅವರ ಕೊನೆಯ ವರ್ಷಗಳ ಮಹಾಕೃತಿಯೊಂದು ಶಿಕ್ಷಕರ ಪಾಲಿಗೇ ಸಂದಿತು. ಶಿಕ್ಷಕರನ್ನು ತರಬೇತುಗೊಳಿಸುವ ರಾಷ್ಟ್ರೀಯ ವಿದ್ಯಾಲಯದ ಬಯಲು ರಂಗಮಂದಿರದಲ್ಲಿ, ಬಿಸಿಲು ಮಳೆಗೆ ಒಡ್ಡಿಕೊಂಡ ವಿಶಾಲ ಗೋಡೆಯ ಮೇಲೆ, 1947 ಮತ್ತು 1948ರಲ್ಲಿ ಅವರು ರಾಷ್ಟ್ರದ ರೂಪಕವನ್ನು ರಚಿಸಿದರು. 1949ರ ಸೆಪ್ಟೆಂಬರ್ 7ರಂದು ಮೆಕ್ಸಿಕೊ ನಗರದಲ್ಲಿ ನಿಧನರಾದರು. ರಾಷ್ಟ್ರದ ಮಹಾಪುರುಷರಿಗೆಂದು ಮೀಸಲಾದ ಸ್ಮಶಾನಭೂಮಿಯಲ್ಲಿ ಅವರ ಅಂತ್ಯಕ್ರಿಯೆ ನಡೆಯಿತು.

ಸಾನ್ ಇಲ್ದೆಫೊನ್ಸೊದಲ್ಲಿ ಇಂದು ತರಗತಿಗಳು ನಡೆಯುತ್ತಿಲ್ಲ; ಅದು ವಸ್ತುಸಂಗ್ರಹಾಲಯವಾಗಿದೆ. ಚಿತ್ರಗಳ ಮೇಲೆ ಕೈಮಾಡಿದ ಹುಡುಗರೂ ಇಲ್ಲ, ಅವರನ್ನು ತಡೆಯದೆ ಹೋದ ಅಧಿಕಾರಿಗಳೂ ಇಲ್ಲ. ಮುಖ ಮುಚ್ಚಿಕೊಂಡ ಆ ಯೋಧ ಮಾತ್ರ ಗೋಡೆಯಲ್ಲಿ ಮೊಣಕಾಲೂರಿಕೊಂಡೇ ಇದ್ದಾನೆ. ಶತಮಾನೋತ್ಸವದ ಸಂಚಿಕೆಗಳಲ್ಲಿ ನಾವು ನಮ್ಮ ಹೆಮ್ಮೆಯ ಸಂಗತಿಗಳನ್ನು ಬರೆಯುತ್ತೇವೆ, ಬರೆಯಬೇಕಾದದ್ದೇ. ಗಡಿಯಾಚೆಯ ಕನ್ನಡ ಶಾಲೆಯ ಕಥೆಯಲ್ಲಿ ಅದರೊಡನೆ ಬೇರೆ ಸಂಗತಿಗಳೂ ಇರುತ್ತವೆ: ಅರ್ಧದಲ್ಲೇ ಓದು ಬಿಟ್ಟು ದುಡಿಮೆಗೆ ಹೋದ ಮಕ್ಕಳು, ಯಾವ ಸಂಚಿಕೆಯಲ್ಲೂ ಹೆಸರು ಬಾರದ ಅಧ್ಯಾಪಕರು, ಒಂದು ಹೊತ್ತಿನ ಊಟ ಬಿಟ್ಟು ಶುಲ್ಕ ಕಟ್ಟಿದ ತಾಯಂದಿರು. ಮುಂದಿನ ನೂರು ವರ್ಷಗಳಿಗೆ ನಮ್ಮ ಗೋಡೆಗೆ ಸುಣ್ಣ ಬಳಿಯುವಾಗ ಅವರಿಗೂ ಒಂದಿಷ್ಟು ಜಾಗವಿರಲಿ ಎಂಬುದು ನಮ್ಮ ಹಾರೈಕೆ.