ಸಾವೇ ದಾದಾ: ನಗರದ ನಿತ್ಯಜೀವನವನ್ನು ಚಿತ್ರೀಕರಿಸಿದವರು

ಸಾವೇ ದಾದಾ ಎಂದೇ ಪ್ರಸಿದ್ಧರಾದ ಹರಿಶ್ಚಂದ್ರ ಸಖಾರಾಮ ಭಾಟವಡೇಕರ್ ಅವರು 1868ರಲ್ಲಿ ಜನಿಸಿದರು. ಮುಂಬಯಿಯಲ್ಲಿ ಛಾಯಾಗ್ರಾಹಕರಾಗಿದ್ದ ಇವರು, 1896ರಲ್ಲಿ ಅಲ್ಲಿ ನಡೆದ ಲುಮಿಯೇರ್ ಸಹೋದರರ ಚಲನಚಿತ್ರ ಪ್ರದರ್ಶನದಿಂದ ಪ್ರೇರಿತರಾಗಿ ಇಂಗ್ಲೆಂಡಿನಿಂದ ಕ್ಯಾಮೆರಾ ತರಿಸಿಕೊಂಡರು. 1899ರಲ್ಲಿ ಹ್ಯಾಂಗಿಂಗ್ ಗಾರ್ಡನ್‌ನಲ್ಲಿ ಏರ್ಪಡಿಸಿದ್ದ ಕುಸ್ತಿ ಪಂದ್ಯವನ್ನೂ, ಮಂಗನನ್ನು ಆಡಿಸುವವನನ್ನೂ ಚಿತ್ರೀಕರಿಸಿದರು. 1901ರಲ್ಲಿ ಕೇಂಬ್ರಿಜ್‌ನಿಂದ ಮರಳಿದ ಗಣಿತಜ್ಞ ರಘುನಾಥ ಪರಾಂಜಪೆ ಅವರಿಗೆ ದೊರೆತ ಸ್ವಾಗತವನ್ನು ದಾಖಲಿಸಿದರು. ಕಥೆಯಾಗಲಿ ನಟರಾಗಲಿ ಇಲ್ಲದ ಈ ಕಿರುಚಿತ್ರಗಳ ವಸ್ತು ನಗರದ ಜನಜೀವನವೇ ಆಗಿತ್ತು. ಶ್ರೀಯುತರು 1958ರಲ್ಲಿ ನಿಧನ ಹೊಂದಿದರು.

ಅಂದಿನ ನೈಟ್ರೇಟ್ ಸುರುಳಿಗಳು ಬೇಗನೆ ಶಿಥಿಲಗೊಳ್ಳುವ ಹಾಗೂ ಸುಲಭವಾಗಿ ಬೆಂಕಿ ಹೊತ್ತಿಕೊಳ್ಳುವ ಗುಣವುಳ್ಳವು. ಭಾರತದ ಮೂಕಿ ಚಿತ್ರಗಳಲ್ಲಿ ಬಹುಪಾಲು ಇಂದು ಉಳಿದಿಲ್ಲ. ಇಂದಿನ ಸಾಮಾನ್ಯ ದೃಶ್ಯವೂ ನಾಳೆ ಅಮೂಲ್ಯ ದಾಖಲೆಯಾಗಬಹುದಾದ ಕಾರಣ, ಸಾರ್ವಜನಿಕರು ತಮ್ಮಲ್ಲಿರುವ ಹಳೆಯ ಚಿತ್ರಗಳನ್ನು ಜೋಪಾನವಾಗಿ ಕಾಪಾಡಿಕೊಳ್ಳುವುದು ಅವಶ್ಯಕ.